ಸರ್ಕಾರಿ ಸೇವೆಯಿಂದ ಮತ್ತೊಂದು ಸಾರ್ವಜನಿಕ ಸೇವೆಗೆ ಸೇರುವ ನೌಕರರ ಪಿಂಚಣಿ ಹಕ್ಕುಗಳು: ಕೊಪ್ಪ, ಶೃಂಗೇರಿ ಮತ್ತು ನರಸಿಂಹರಾಜಪುರ ತಾಲ್ಲೂಕುಗಳ ನೌಕರರಿಗೆ ಮಾಹಿತಿ

ಪೀಠಿಕೆ

ಚಿಕ್ಕಮಗಳೂರು ಜಿಲ್ಲೆಯ ಕೊಪ್ಪ, ಶೃಂಗೇರಿ ಮತ್ತು ನರಸಿಂಹರಾಜಪುರ ತಾಲ್ಲೂಕುಗಳಲ್ಲಿ ಹಲವು ಬಗೆಯ ಸಾರ್ವಜನಿಕ ಸಂಸ್ಥೆಗಳು ಕಾರ್ಯನಿರ್ವಹಿಸುತ್ತಿವೆ. ಕಂದಾಯ, ಶಿಕ್ಷಣ, ಅರಣ್ಯ, ಆರೋಗ್ಯ, ಪೊಲೀಸ್ ಮೊದಲಾದ ರಾಜ್ಯ ಸರ್ಕಾರದ ಇಲಾಖೆಗಳ ಜೊತೆಗೆ ಕೇಂದ್ರ ಸರ್ಕಾರದ ಅಂಚೆ ಇಲಾಖೆ, ಶೃಂಗೇರಿಯಲ್ಲಿರುವ ಕೇಂದ್ರೀಯ ಸಂಸ್ಕೃತ ವಿಶ್ವವಿದ್ಯಾಲಯದ ರಾಜೀವ್ ಗಾಂಧಿ ಪರಿಸರ, ಬಾಳೆಹೊನ್ನೂರು ಸಮೀಪದ ಕಾಫಿ ಮಂಡಳಿಯ ಕೇಂದ್ರೀಯ ಕಾಫಿ ಸಂಶೋಧನಾ ಸಂಸ್ಥೆ, ಮಂಗಳೂರು ವಿದ್ಯುಚ್ಛಕ್ತಿ ಸರಬರಾಜು ಕಂಪನಿ (ಮೆಸ್ಕಾಂ), ಭಾರತ ಸಂಚಾರ ನಿಗಮ (ಬಿ.ಎಸ್.ಎನ್.ಎಲ್.) ಹಾಗೂ ಸಾರ್ವಜನಿಕ ವಲಯದ ಬ್ಯಾಂಕುಗಳು ಇಲ್ಲಿನ ಜನರಿಗೆ ಉದ್ಯೋಗ ನೀಡಿವೆ. ಒಂದು ಸಂಸ್ಥೆಯಲ್ಲಿ ಸೇವೆ ಆರಂಭಿಸಿದ ನೌಕರರು ಉತ್ತಮ ಹುದ್ದೆಗಾಗಿ ಅಥವಾ ಊರಿಗೆ ಹತ್ತಿರವಾಗುವ ಸಲುವಾಗಿ ಮತ್ತೊಂದು ಸಂಸ್ಥೆಗೆ ಸೇರುವುದು ಸಾಮಾನ್ಯವಾಗಿದೆ.

ಹೀಗೆ ಸೇವೆ ಬದಲಾಯಿಸುವಾಗ ಹಿಂದಿನ ಹುದ್ದೆಯಲ್ಲಿ ಸಲ್ಲಿಸಿದ ಸೇವೆಯು ಪಿಂಚಣಿಗೆ ತಾನಾಗಿಯೇ ಸೇರುತ್ತದೆ ಎಂಬ ಭಾವನೆ ಅನೇಕರಲ್ಲಿದೆ. ಇದು ಸರಿಯಲ್ಲ. ಹಿಂದಿನ ಸೇವೆ ಉಳಿಯುವುದೋ ಕಳೆದುಹೋಗುವುದೋ ಎಂಬುದು ಬಹುಮಟ್ಟಿಗೆ ಹಳೆಯ ಹುದ್ದೆಯನ್ನು ಬಿಡುವ ಸಮಯದಲ್ಲಿ ಪಡೆದ ಅನುಮತಿ ಮತ್ತು ಹೊರಡಿಸಲಾದ ಆದೇಶಗಳನ್ನು ಅವಲಂಬಿಸಿದೆ. ನಿವೃತ್ತಿಯ ಹೊತ್ತಿಗೆ ಈ ಲೋಪಗಳನ್ನು ಸರಿಪಡಿಸುವುದು ಕಷ್ಟಸಾಧ್ಯ. ಆದುದರಿಂದ ಈ ವಿಷಯದ ಮುಖ್ಯ ಅಂಶಗಳನ್ನು ಇಲ್ಲಿ ನೀಡಲಾಗಿದೆ.

1. ಪಿಂಚಣಿಯ ಸ್ವರೂಪ

ಪಿಂಚಣಿಯು ಸರ್ಕಾರವು ತನ್ನ ಇಚ್ಛೆಯಂತೆ ನೀಡುವ ಕೊಡುಗೆಯಲ್ಲ. ದೇವಕಿನಂದನ ಪ್ರಸಾದ್ ವಿರುದ್ಧ ಬಿಹಾರ ರಾಜ್ಯ ಪ್ರಕರಣದಲ್ಲಿ 1971ರಲ್ಲಿ ಹಾಗೂ ಡಿ.ಎಸ್. ನಕಾರಾ ವಿರುದ್ಧ ಭಾರತ ಒಕ್ಕೂಟ ಪ್ರಕರಣದಲ್ಲಿ 1982ರ ಡಿಸೆಂಬರ್ 17ರಂದು ಸರ್ವೋಚ್ಚ ನ್ಯಾಯಾಲಯವು ಪಿಂಚಣಿಯು ನೌಕರನ ಹಕ್ಕು ಎಂದು ತೀರ್ಮಾನಿಸಿದೆ. ಜಾರ್ಖಂಡ್ ರಾಜ್ಯ ವಿರುದ್ಧ ಜಿತೇಂದ್ರ ಕುಮಾರ್ ಶ್ರೀವಾಸ್ತವ ಪ್ರಕರಣದ 2013ರ ತೀರ್ಪಿನಲ್ಲಿ ಪಿಂಚಣಿಯನ್ನು ಸಂವಿಧಾನದ 300ಎ ಅನುಚ್ಛೇದದ ಅರ್ಥದಲ್ಲಿ ಆಸ್ತಿಯೆಂದು ಪರಿಗಣಿಸಿ, ಕಾನೂನಿನ ಆಧಾರವಿಲ್ಲದೆ ಅದನ್ನು ಕಸಿದುಕೊಳ್ಳುವಂತಿಲ್ಲ ಎಂದು ಹೇಳಲಾಗಿದೆ.

ಆದರೆ ಈ ಹಕ್ಕು ನಿಯಮಗಳಿಗೆ ಒಳಪಟ್ಟಿದೆ. ರಾಜ್ಯ ಸರ್ಕಾರಿ ನೌಕರರಿಗೆ 1958ರ ಕರ್ನಾಟಕ ಸರ್ಕಾರಿ ಸೇವಾ ನಿಯಮಗಳು (ಕೆ.ಸಿ.ಎಸ್.ಆರ್.) ಅನ್ವಯಿಸುತ್ತವೆ. ಹಳೆಯ ಪಿಂಚಣಿ ವ್ಯವಸ್ಥೆಯಲ್ಲಿರುವ ಕೇಂದ್ರ ಸರ್ಕಾರಿ ನೌಕರರಿಗೆ ಮೊದಲು 1972ರ ಕೇಂದ್ರ ನಾಗರಿಕ ಸೇವಾ (ಪಿಂಚಣಿ) ನಿಯಮಗಳು ಅನ್ವಯಿಸುತ್ತಿದ್ದವು. ಈಗ ಅವುಗಳ ಸ್ಥಾನದಲ್ಲಿ 2021ರ ನಿಯಮಗಳು ಜಾರಿಯಲ್ಲಿವೆ. ನಿಗಮ, ಮಂಡಳಿ ಮತ್ತು ಬ್ಯಾಂಕುಗಳಿಗೆ ಅವುಗಳದೇ ಆದ ನಿಯಮಾವಳಿಗಳಿವೆ.

2. ಅರ್ಹತಾದಾಯಕ ಸೇವೆ ಮತ್ತು ಅದರ ಲೆಕ್ಕ

ಪಿಂಚಣಿಗೆ ಲೆಕ್ಕ ಹಿಡಿಯಬಹುದಾದ ಸೇವೆಯನ್ನು ಅರ್ಹತಾದಾಯಕ ಸೇವೆ ಎನ್ನಲಾಗುತ್ತದೆ. ರಾಜ್ಯದ ಹಳೆಯ ಪಿಂಚಣಿ ವ್ಯವಸ್ಥೆಯಲ್ಲಿ ಪಿಂಚಣಿ ಪಡೆಯಲು ಕನಿಷ್ಠ 10 ವರ್ಷಗಳ ಅರ್ಹತಾದಾಯಕ ಸೇವೆ ಅವಶ್ಯ. ಪೂರ್ಣ ಪಿಂಚಣಿಗೆ ಬೇಕಾದ ಸೇವೆಯನ್ನು 6ನೇ ರಾಜ್ಯ ವೇತನ ಆಯೋಗದ ಶಿಫಾರಸಿನ ನಂತರ 33 ವರ್ಷಗಳಿಂದ 30 ವರ್ಷಗಳಿಗೆ ಇಳಿಸಲಾಗಿದೆ. ಪೂರ್ಣ ಪಿಂಚಣಿಯು ಕೊನೆಯ ಮೂಲ ವೇತನದ ಶೇ 50ರಷ್ಟಿರುತ್ತದೆ. ಸೇವೆ ಕಡಿಮೆಯಿದ್ದಲ್ಲಿ ಆ ಪ್ರಮಾಣದಲ್ಲಿ ಪಿಂಚಣಿಯೂ ಕಡಿಮೆಯಾಗುತ್ತದೆ.

ಉದಾಹರಣೆ 1: ಒಬ್ಬ ನೌಕರರು ಪ್ರಾಥಮಿಕ ಶಾಲಾ ಶಿಕ್ಷಕರಾಗಿ 12 ವರ್ಷ, ಅನಂತರ ಪದವಿಪೂರ್ವ ಕಾಲೇಜಿನ ಉಪನ್ಯಾಸಕರಾಗಿ 18 ವರ್ಷ ಸೇವೆ ಸಲ್ಲಿಸಿ ನಿವೃತ್ತರಾಗುತ್ತಾರೆ. ಕೊನೆಯ ಮೂಲ ವೇತನ 60,000 ರೂಪಾಯಿ ಎಂದು ಭಾವಿಸೋಣ.

- ಎರಡೂ ಸೇವೆ ಸೇರಿದಲ್ಲಿ: 30 ವರ್ಷ, ಮಾಸಿಕ ಪಿಂಚಣಿ 30,000 ರೂಪಾಯಿ.
- ಮೊದಲ 12 ವರ್ಷ ಸೇರದಿದ್ದಲ್ಲಿ: 18 ವರ್ಷ; ಮಾಸಿಕ ಪಿಂಚಣಿ 18,000 ರೂಪಾಯಿ.
- ವ್ಯತ್ಯಾಸ: ತಿಂಗಳಿಗೆ 12,000 ರೂಪಾಯಿ, ವರ್ಷಕ್ಕೆ 1,44,000 ರೂಪಾಯಿ. ಇದರ ಮೇಲಿನ ತುಟ್ಟಿಭತ್ಯೆ, ಪಿಂಚಣಿ ಪರಿವರ್ತನೆಯ ಮೊತ್ತ ಮತ್ತು ನಿವೃತ್ತಿ ಉಪದಾನದಲ್ಲಾಗುವ ನಷ್ಟ ಪ್ರತ್ಯೇಕ.

ಉದಾಹರಣೆ 2: ಮೊದಲ ಸೇವೆ 12 ವರ್ಷ, ಎರಡನೆಯ ಸೇವೆ 8 ವರ್ಷ ಆಗಿದ್ದು, ಮೊದಲನೆಯದು ಕಳೆದುಹೋದಲ್ಲಿ ಉಳಿಯುವುದು 8 ವರ್ಷ ಮಾತ್ರ. 10 ವರ್ಷ ತುಂಬದ ಕಾರಣ ಮಾಸಿಕ ಪಿಂಚಣಿಯೇ ದೊರೆಯುವುದಿಲ್ಲ. ಒಂದು ಬಾರಿಯ ಉಪದಾನ ಮಾತ್ರ ದೊರೆಯುತ್ತದೆ. ಅಂದರೆ 20 ವರ್ಷ ಸರ್ಕಾರದ ಕೆಲಸ ಮಾಡಿದವರು ಪಿಂಚಣಿಯಿಲ್ಲದೆ ನಿವೃತ್ತರಾಗುವ ಸಂದರ್ಭ ಒದಗುತ್ತದೆ.

ಕೇಂದ್ರ ಸರ್ಕಾರದ ಹಳೆಯ ಪಿಂಚಣಿ ವ್ಯವಸ್ಥೆಯಲ್ಲಿ 2006ರ ನಂತರ ಲೆಕ್ಕದ ಕ್ರಮ ಬೇರೆಯಾಗಿದೆ. ಅಲ್ಲಿ 10 ವರ್ಷ ಪೂರೈಸಿ ನಿವೃತ್ತರಾದವರಿಗೆ ಶೇ 50ರ ಪಿಂಚಣಿ ದೊರೆಯುತ್ತದೆ. ಆದಾಗ್ಯೂ 10 ವರ್ಷದ ಗಡಿ ಮುಟ್ಟಲು ಮತ್ತು ಉಪದಾನದ ಲೆಕ್ಕಕ್ಕೆ ಹಿಂದಿನ ಸೇವೆ ಮುಖ್ಯವಾಗುತ್ತದೆ.

3. ರಾಜೀನಾಮೆ ಮತ್ತು ತಾಂತ್ರಿಕ ರಾಜೀನಾಮೆ

ಸೇವೆ ಬದಲಾವಣೆಯ ಎಲ್ಲ ಪ್ರಕರಣಗಳಲ್ಲಿ ಅತ್ಯಂತ ಮಹತ್ವದ ಅಂಶ ಇದೇ ಆಗಿದೆ.

ಕೆ.ಸಿ.ಎಸ್.ಆರ್. ನಿಯಮ 252(ಎ) ಪ್ರಕಾರ ಸರ್ಕಾರಿ ಸೇವೆಗೆ ರಾಜೀನಾಮೆ ನೀಡಿದಲ್ಲಿ ಹಿಂದಿನ ಸೇವೆಯು ಮುಟ್ಟುಗೋಲಾಗುತ್ತದೆ. ದುರ್ನಡತೆಗಾಗಿ ಸೇವೆಯಿಂದ ವಜಾಗೊಂಡವರಿಗೂ ಇದೇ ಪರಿಣಾಮ ಉಂಟಾಗುತ್ತದೆ. ಆದರೆ ನಿಯಮ 252(ಬಿ) ಪ್ರಕಾರ, ಪಿಂಚಣಿಗೆ ಸೇವೆ ಪರಿಗಣಿಸಲ್ಪಡುವ ಮತ್ತೊಂದು ಹುದ್ದೆಯನ್ನು ಸೂಕ್ತ ಅನುಮತಿ ಪಡೆದು ವಹಿಸಿಕೊಳ್ಳುವ ಸಲುವಾಗಿ ಹಾಲಿ ಹುದ್ದೆಗೆ ನೀಡುವ ರಾಜೀನಾಮೆಯು ಸರ್ಕಾರಿ ಸೇವೆಗೆ ನೀಡಿದ ರಾಜೀನಾಮೆ ಎನಿಸುವುದಿಲ್ಲ. ಇದನ್ನೇ ರೂಢಿಯಲ್ಲಿ ತಾಂತ್ರಿಕ ರಾಜೀನಾಮೆ ಎನ್ನಲಾಗುತ್ತದೆ. ಕೇಂದ್ರ ಸರ್ಕಾರದ ನಿಯಮಗಳಲ್ಲಿಯೂ ಇದೇ ತತ್ವವಿದೆ.

ತಾಂತ್ರಿಕ ರಾಜೀನಾಮೆ ಎನಿಸಿಕೊಳ್ಳಲು ಈ ಅಂಶಗಳು ಪೂರೈಕೆಯಾಗಿರಬೇಕು:

- ಹೊಸ ಹುದ್ದೆಗೆ ಅರ್ಜಿಯನ್ನು ನೇಮಕಾತಿ ಪ್ರಾಧಿಕಾರದ ಅನುಮತಿಯೊಂದಿಗೆ, ಸೂಕ್ತ ಮಾರ್ಗದ ಮೂಲಕ ಸಲ್ಲಿಸಿರಬೇಕು.
- ರಾಜೀನಾಮೆ ಪತ್ರದಲ್ಲಿ ಇಂತಹ ಸಂಸ್ಥೆಯ ಇಂತಹ ಹುದ್ದೆಗೆ ಸೇರುವ ಸಲುವಾಗಿ ಎಂದು ಸ್ಪಷ್ಟವಾಗಿ ನಮೂದಿಸಿರಬೇಕು.
- ರಾಜೀನಾಮೆ ಅಂಗೀಕಾರದ ಆದೇಶದಲ್ಲಿಯೂ ಆ ಕಾರಣ ಮತ್ತು ನಿಯಮ 252(ಬಿ) ಉಲ್ಲೇಖವಾಗಿರಬೇಕು.
- ಎರಡು ಹುದ್ದೆಗಳ ನಡುವಿನ ಅಂತರವು ನಿಯಮಾನುಸಾರ ದೊರೆಯುವ ಸೇರಿಕೆ ಕಾಲವನ್ನು ಮೀರಿರಬಾರದು. ಮೀರಿದಲ್ಲಿ ಅದನ್ನು ಹಕ್ಕಿನ ರಜೆಯಿಂದ ಅಥವಾ ಸಕ್ಷಮ ಪ್ರಾಧಿಕಾರದ ಆದೇಶದಿಂದ ಕ್ರಮಬದ್ಧಗೊಳಿಸಿರಬೇಕು.

"ವೈಯಕ್ತಿಕ ಕಾರಣಗಳಿಂದ" ಅಥವಾ "ಕೌಟುಂಬಿಕ ಕಾರಣಗಳಿಂದ" ಎಂದು ಬರೆದುಕೊಟ್ಟ ರಾಜೀನಾಮೆಯು ನೌಕರನ ನಿಜವಾದ ಉದ್ದೇಶ ಏನೇ ಆಗಿದ್ದರೂ ದಾಖಲೆಯಲ್ಲಿ ಸಾಮಾನ್ಯ ರಾಜೀನಾಮೆಯಾಗಿಯೇ ಉಳಿಯುತ್ತದೆ. ಇದನ್ನು ಹಗುರವಾಗಿ ಪರಿಗಣಿಸಬಾರದು. ಬಿ.ಎಸ್.ಇ.ಎಸ್. ಯಮುನಾ ಪವರ್ ಲಿಮಿಟೆಡ್ ವಿರುದ್ಧ ಘನಶ್ಯಾಮ್ ಚಂದ್ ಶರ್ಮಾ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು 2019ರ ಡಿಸೆಂಬರ್‌ನಲ್ಲಿ ನೀಡಿದ ತೀರ್ಪಿನಂತೆ, ರಾಜೀನಾಮೆ ಮತ್ತು ಸ್ವಯಂ ನಿವೃತ್ತಿ ಬೇರೆ ಬೇರೆ. ರಾಜೀನಾಮೆ ನೀಡಿದವರ ಹಿಂದಿನ ಸೇವೆಯು ನಿಯಮದಂತೆ ಮುಟ್ಟುಗೋಲಾಗುತ್ತದೆ. ಎಷ್ಟು ವರ್ಷ ಸೇವೆ ಸಲ್ಲಿಸಲಾಗಿತ್ತು ಎಂಬುದರಿಂದ ಈ ಪರಿಣಾಮ ಬದಲಾಗುವುದಿಲ್ಲ.

4. ಸೇವೆ ಬದಲಾವಣೆಯ ವಿಧಗಳು

ಅ) ರಾಜ್ಯ ಸರ್ಕಾರದ ಒಂದು ಇಲಾಖೆಯಿಂದ ಮತ್ತೊಂದು ಇಲಾಖೆಗೆ

ಈ ಮೂರು ತಾಲ್ಲೂಕುಗಳಲ್ಲಿ ಅತಿ ಹೆಚ್ಚಾಗಿ ಕಂಡುಬರುವ ಪ್ರಕರಣಗಳು ಇವೇ. ಗ್ರಾಮ ಲೆಕ್ಕಿಗರು ಪ್ರಥಮ ದರ್ಜೆ ಸಹಾಯಕರಾಗುವುದು, ಅರಣ್ಯ ರಕ್ಷಕರು ಶಿಕ್ಷಕರಾಗುವುದು, ಪೊಲೀಸ್ ಕಾನ್‌ಸ್ಟೆಬಲ್‌ಗಳು ಬೇರೆ ಇಲಾಖೆಗೆ ನೇಮಕಗೊಳ್ಳುವುದು ಮುಂತಾದವು ಈ ವಿಧಕ್ಕೆ ಸೇರುತ್ತವೆ. ನಿಯಮ 252(ಬಿ)ಯ ಷರತ್ತುಗಳು ಪೂರೈಕೆಯಾದಲ್ಲಿ ಹಿಂದಿನ ಸೇವೆಯು ಪೂರ್ಣವಾಗಿ ಸೇರುತ್ತದೆ. ಎರಡೂ ಕಡೆ ಸರ್ಕಾರವೇ ಉದ್ಯೋಗದಾತ ಎಂಬ ಕಾರಣಕ್ಕೆ ಅನುಮತಿ ಅನಗತ್ಯ ಎಂದು ಭಾವಿಸಬಾರದು.

ಆ) ನಿಯೋಜನೆ ಅಥವಾ ಅನ್ಯಸೇವೆ

ಮಾತೃ ಇಲಾಖೆಯಲ್ಲಿ ತಮ್ಮ ಹುದ್ದೆಯ ಹಕ್ಕನ್ನು ಉಳಿಸಿಕೊಂಡು ನಿಗಮ ಅಥವಾ ಮಂಡಳಿಯಲ್ಲಿ ಕೆಲಸ ಮಾಡುವುದು ಸೇವೆ ಬದಲಾವಣೆಯಲ್ಲ. ನರಸಿಂಹರಾಜಪುರ ತಾಲ್ಲೂಕಿನ ಮುತ್ತಿನಕೊಪ್ಪ ಭಾಗದಲ್ಲಿ ನಡೆಯುವ ಭದ್ರಾ ಮೇಲ್ದಂಡೆ ಯೋಜನೆಯಂತಹ ಕಾಮಗಾರಿಗಳಲ್ಲಿ ನಿಗಮದ ಅಧೀನದಲ್ಲಿ ನಿಯೋಜನೆಯ ಮೇಲೆ ಕೆಲಸ ಮಾಡುವ ಇಲಾಖಾ ಎಂಜಿನಿಯರುಗಳು ಇದಕ್ಕೆ ಉದಾಹರಣೆ. ಇಂತಹ ಅವಧಿಯು ಪಿಂಚಣಿಗೆ ಸೇರಲು ಎರವಲು ಪಡೆದ ಸಂಸ್ಥೆಯು ಪಿಂಚಣಿ ವಂತಿಗೆಯನ್ನು ಸರ್ಕಾರಕ್ಕೆ ಪಾವತಿಸಿರಬೇಕು. ಪಾವತಿಸಿದ ಚಲನ್ ವಿವರವು ಸೇವಾ ವಹಿಯಲ್ಲಿ ದಾಖಲಾಗದೆ ನಿವೃತ್ತಿಯ ಸಮಯದಲ್ಲಿ ಆಕ್ಷೇಪಣೆ ಬರುವ ಸಂಭವವಿರುವುದರಿಂದ, ನೌಕರರು ಪ್ರತಿ ವರ್ಷವೂ ಇದನ್ನು ಪರಿಶೀಲಿಸಿಕೊಳ್ಳುವುದು ಸೂಕ್ತ.

ಇ) ರಾಜ್ಯ ಸರ್ಕಾರದಿಂದ ಕೇಂದ್ರ ಸರ್ಕಾರಕ್ಕೆ ಅಥವಾ ಕೇಂದ್ರದಿಂದ ರಾಜ್ಯಕ್ಕೆ

ಹಳೆಯ ಪಿಂಚಣಿ ವ್ಯವಸ್ಥೆಯಲ್ಲಿ ಎರಡೂ ಸರ್ಕಾರಗಳ ಸೇವೆಯನ್ನು ಸೇರಿಸಲು ಅವಕಾಶವಿದೆ. ಮೊದಲು ಪಿಂಚಣಿಯ ಹೊಣೆಯನ್ನು ಸೇವಾವಧಿಗೆ ಅನುಗುಣವಾಗಿ ಎರಡೂ ಸರ್ಕಾರಗಳು ಹಂಚಿಕೊಳ್ಳುತ್ತಿದ್ದವು. ಈ ಪದ್ಧತಿಯನ್ನು 1987ರ ಏಪ್ರಿಲ್ 1ರಿಂದ ಕೈಬಿಡಲಾಗಿದ್ದು, ನೌಕರನು ಯಾವ ಸರ್ಕಾರದಿಂದ ನಿವೃತ್ತನಾಗುವನೋ ಆ ಸರ್ಕಾರವೇ ಪೂರ್ಣ ಪಿಂಚಣಿಯನ್ನು ಭರಿಸುತ್ತದೆ. ಇದರಿಂದ ಹಣದ ಹಂಚಿಕೆಗಾಗಿ ಕಾಯುವ ಪ್ರಮೇಯ ತಪ್ಪಿದೆ. ಆದರೆ ಹಿಂದಿನ ಸೇವೆಯ ಪರಿಶೀಲನಾ ಪ್ರಮಾಣಪತ್ರ ಮತ್ತು ತಾಂತ್ರಿಕ ರಾಜೀನಾಮೆಯ ಆದೇಶ ಈಗಲೂ ಅವಶ್ಯ.

ಈ) ಕೇಂದ್ರದ ಸ್ವಾಯತ್ತ ಸಂಸ್ಥೆಗಳು

ಕಾಫಿ ಮಂಡಳಿಯು 1942ರ ಕಾಫಿ ಅಧಿನಿಯಮದಡಿ ರಚಿತವಾದ ಶಾಸನಬದ್ಧ ಸಂಸ್ಥೆ. ರಾಷ್ಟ್ರೀಯ ಸಂಸ್ಕೃತ ಸಂಸ್ಥಾನವು 2020ರಲ್ಲಿ ಕೇಂದ್ರೀಯ ಸಂಸ್ಕೃತ ವಿಶ್ವವಿದ್ಯಾಲಯವಾಯಿತು. ಇವುಗಳ ನೌಕರರು ಕೇಂದ್ರ ಸರ್ಕಾರದ ಇಲಾಖಾ ನೌಕರರಲ್ಲ. ಆಯಾ ಸಂಸ್ಥೆಯ ನೌಕರರು. ಕೇಂದ್ರ ಸರ್ಕಾರ ಮತ್ತು ಅದರ ಸ್ವಾಯತ್ತ ಸಂಸ್ಥೆಗಳ ನಡುವೆ ಸೇವೆ ಬದಲಾಯಿಸಿದವರ ಪಿಂಚಣಿ ಕುರಿತು ಕೇಂದ್ರವು 1984ರ ಆಗಸ್ಟ್ 29ರಂದು ಆದೇಶ ಹೊರಡಿಸಿತು. ಎರಡೂ ಕಡೆ ಪಿಂಚಣಿ ಯೋಜನೆ ಇದ್ದಲ್ಲಿ ನೌಕರರಿಗೆ ಎರಡು ಆಯ್ಕೆಗಳಿವೆ:

- ಹಿಂದಿನ ಸೇವೆಯನ್ನು ಹೊಸ ಸಂಸ್ಥೆಯ ಸೇವೆಗೆ ಸೇರಿಸಿಕೊಳ್ಳುವುದು, ಅಥವಾ
- ಹಿಂದಿನ ಸೇವೆಗೆ ಪ್ರಮಾಣಾನುಸಾರ ನಿವೃತ್ತಿ ಸೌಲಭ್ಯ ಪಡೆದು, ಹೊಸ ಸಂಸ್ಥೆಯಲ್ಲಿ ಹೊಸದಾಗಿ ಸೇವೆ ಆರಂಭಿಸುವುದು.

ಈ ಆಯ್ಕೆಯನ್ನು ವಿಲೀನಗೊಂಡ ದಿನಾಂಕದಿಂದ ಒಂದು ವರ್ಷದೊಳಗೆ ಲಿಖಿತವಾಗಿ ತಿಳಿಸಬೇಕು. ತಿಳಿಸದಿದ್ದಲ್ಲಿ ಎರಡನೆಯದನ್ನು ಆಯ್ದುಕೊಂಡಂತೆ ಭಾವಿಸಲಾಗುತ್ತದೆ. ಒಮ್ಮೆ ನೀಡಿದ ಆಯ್ಕೆ ಅಂತಿಮ. ಸೇವೆ ಸೇರಿಸಿಕೊಂಡಲ್ಲಿ ಹಿಂದಿನ ಉದ್ಯೋಗದಾತರು ಆ ಅವಧಿಯ ಪಿಂಚಣಿ ಹೊಣೆಯನ್ನು ಒಂದೇ ಗಂಟಿನಲ್ಲಿ ಹೊಸ ಸಂಸ್ಥೆಗೆ ಪಾವತಿಸುತ್ತಾರೆ.

ರಾಜ್ಯ ಸರ್ಕಾರದ ನೌಕರರು ಇಂತಹ ಸಂಸ್ಥೆಗೆ ಸೇರುವಾಗ ಈ ಹೊಣೆಯನ್ನು ಭರಿಸಲು ರಾಜ್ಯ ಸರ್ಕಾರದ ಒಪ್ಪಿಗೆ ಬೇಕಾಗುತ್ತದೆ. ಆದುದರಿಂದ ಶೃಂಗೇರಿ ಅಥವಾ ಬಾಳೆಹೊನ್ನೂರಿನ ಸಂಸ್ಥೆಗೆ ಸೇರಬಯಸುವ ರಾಜ್ಯದ ಶಿಕ್ಷಕರು, ಕೃಷಿ ಅಥವಾ ತೋಟಗಾರಿಕೆ ಇಲಾಖೆಯ ನೌಕರರು ಕಾರ್ಯವಿಮುಕ್ತರಾಗುವ ಮೊದಲೇ ತಮ್ಮ ಇಲಾಖೆಯಿಂದ ಈ ಬಗ್ಗೆ ಲಿಖಿತ ಉತ್ತರ ಪಡೆಯತಕ್ಕದ್ದು.

ಉ) ಕಂಪನಿಗಳು, ನಿಗಮಗಳು ಮತ್ತು ಬ್ಯಾಂಕುಗಳು

ಸಾರ್ವಜನಿಕ ವಲಯದ ಕಂಪನಿಗಳಲ್ಲಿ ಹೆಚ್ಚಿನವುಗಳ ನೌಕರರು ಭವಿಷ್ಯ ನಿಧಿ ಮತ್ತು 1995ರ ನೌಕರರ ಪಿಂಚಣಿ ಯೋಜನೆಗೆ ಒಳಪಡುತ್ತಾರೆ. ರಾಜ್ಯ ರಸ್ತೆ ಸಾರಿಗೆ ನಿಗಮದ ನೌಕರರೂ ಈ ಯೋಜನೆಗೆ ಸೇರಿದವರು. 1976ರಲ್ಲಿ ಸ್ಥಾಪನೆಯಾಗಿ, ಸರ್ವೋಚ್ಚ ನ್ಯಾಯಾಲಯದ ಆದೇಶದಂತೆ 2005ರ ಕೊನೆಯಲ್ಲಿ ಗಣಿಗಾರಿಕೆ ನಿಲ್ಲಿಸಿದ ನೆರೆಯ ಕುದುರೆಮುಖ ಕಬ್ಬಿಣದ ಅದಿರು ಕಂಪನಿಯೂ ಕೇಂದ್ರದ ಇಂತಹ ಸಾರ್ವಜನಿಕ ವಲಯದ ಕಂಪನಿ. ಇಂತಹ ಕಡೆಗೆ ಸೇರಿದಾಗ ಸರ್ಕಾರಿ ಸೇವೆಯ ವರ್ಷಗಳು ಕಂಪನಿಯ ಸೇವೆಗೆ ಸೇರಿ ಒಂದೇ ಪಿಂಚಣಿಯಾಗುವುದಿಲ್ಲ. ಸರ್ಕಾರದ ಅನುಮತಿಯೊಂದಿಗೆ, ಸಾರ್ವಜನಿಕ ಹಿತದೃಷ್ಟಿಯಿಂದ ವಿಲೀನಗೊಂಡ ನೌಕರರಿಗೆ ನಿಯಮಗಳು ಅವಕಾಶ ನೀಡಿರುವಲ್ಲಿ ಮತ್ತು ಕನಿಷ್ಠ 10 ವರ್ಷ ಸೇವೆ ಇದ್ದಲ್ಲಿ ಸರ್ಕಾರದಿಂದ ಪ್ರಮಾಣಾನುಸಾರ ಪಿಂಚಣಿ ದೊರೆಯುತ್ತದೆ. ಇದನ್ನು ವಿಲೀನದ ಆದೇಶದಲ್ಲಿಯೇ ಖಚಿತಪಡಿಸಿಕೊಳ್ಳಬೇಕು.

ನಿಗಮದಿಂದ ಸರ್ಕಾರಿ ಇಲಾಖೆಗೆ ಬರುವವರಿಗೂ ಇದೇ ಎಚ್ಚರಿಕೆ ಅನ್ವಯಿಸುತ್ತದೆ. ನಿಗಮದ ಸೇವೆಯು ಸರ್ಕಾರಿ ಸೇವೆಯಲ್ಲ. ವಿಶೇಷ ಆದೇಶವಿಲ್ಲದೆ ಅದು ಸರ್ಕಾರದ ಪಿಂಚಣಿಗೆ ಸೇರುವುದಿಲ್ಲ.

ಊ) ಇಲಾಖೆಯೇ ಕಂಪನಿಯಾಗಿ ಪರಿವರ್ತನೆಯಾದಾಗ

ಇಲ್ಲಿ ನೌಕರನು ಸೇವೆ ಬದಲಾಯಿಸಿರುವುದಿಲ್ಲ, ಉದ್ಯೋಗದಾತರೇ ಬದಲಾಗಿರುತ್ತಾರೆ. ಆದುದರಿಂದ ನಿಯಮಗಳು ಹೆಚ್ಚಿನ ರಕ್ಷಣೆ ನೀಡಿವೆ.

ದೂರಸಂಪರ್ಕ ಇಲಾಖೆಯ ಸೇವೆಗಳು 2000ರ ಅಕ್ಟೋಬರ್ 1ರಿಂದ ಬಿ.ಎಸ್.ಎನ್.ಎಲ್.ಗೆ ವರ್ಗಾವಣೆಯಾದವು. ಅದಕ್ಕೆ ಮುನ್ನ ಪಿಂಚಣಿ ನಿಯಮಗಳಿಗೆ 37-ಎ ಎಂಬ ಹೊಸ ನಿಯಮವನ್ನು ಸೇರಿಸಲಾಯಿತು. ಇದರಂತೆ ಇಲಾಖೆಯಿಂದ ಬಂದು ವಿಲೀನಗೊಂಡ ನೌಕರರ ಇಲಾಖಾ ಸೇವೆ ಮತ್ತು ಕಂಪನಿ ಸೇವೆ ಎರಡನ್ನೂ ಕೂಡಿಸಿ ಸರ್ಕಾರವೇ ಪಿಂಚಣಿ ನೀಡುತ್ತದೆ. ಕಂಪನಿಯು ನೇರವಾಗಿ ನೇಮಿಸಿಕೊಂಡವರಿಗೆ ಇದು ಅನ್ವಯಿಸುವುದಿಲ್ಲ.

1957ರಲ್ಲಿ ಸ್ಥಾಪನೆಯಾದ ವಿದ್ಯುಚ್ಛಕ್ತಿ ಮಂಡಳಿಯ ಕೆಲಸಗಳು 1999ರ ಸುಧಾರಣಾ ಅಧಿನಿಯಮದ ನಂತರ ಕರ್ನಾಟಕ ವಿದ್ಯುತ್ ಪ್ರಸರಣ ನಿಗಮಕ್ಕೆ, 2002ರ ಜೂನ್ 1ರಿಂದ ಮೆಸ್ಕಾಂ ಮೊದಲಾದ ಕಂಪನಿಗಳಿಗೆ ಸೇರಿದವು. ಮಂಡಳಿಯಿಂದ ಬಂದ ನೌಕರರ ಹಿಂದಿನ ಸೇವೆಯನ್ನು ಉಳಿಸಿಕೊಂಡು, ಪಿಂಚಣಿ ಮತ್ತು ಉಪದಾನ ಟ್ರಸ್ಟ್ ಮೂಲಕ ಅವರಿಗೆ ಪಿಂಚಣಿ ನೀಡುವ ವ್ಯವಸ್ಥೆ ಮಾಡಲಾಗಿದೆ.

5. ಗಮನಿಸಬೇಕಾದ ಎರಡು ದಿನಾಂಕಗಳು

ಕೇಂದ್ರ ಸರ್ಕಾರದಲ್ಲಿ 2004ರ ಜನವರಿ 1ರಂದು ಮತ್ತು ಅನಂತರ ಸೇರಿದವರಿಗೆ, ಕರ್ನಾಟಕ ರಾಜ್ಯ ಸರ್ಕಾರದಲ್ಲಿ 2006ರ ಏಪ್ರಿಲ್ 1ರಂದು ಮತ್ತು ಅನಂತರ ಸೇರಿದವರಿಗೆ ಹಳೆಯ ಪಿಂಚಣಿಯ ಬದಲು ಅಂಶದಾಯಿ ಪಿಂಚಣಿ ಯೋಜನೆ (ಎನ್.ಪಿ.ಎಸ್.) ಅನ್ವಯಿಸುತ್ತದೆ. ಸೇವೆ ಬದಲಾಯಿಸಿದವರ ಮಟ್ಟಿಗೆ ಇದರ ಪರಿಣಾಮ ಹೀಗಿದೆ:

- 2006ರ ಏಪ್ರಿಲ್ 1ಕ್ಕೆ ಮುಂಚೆ ರಾಜ್ಯದ ಪಿಂಚಣಿಯುಕ್ತ ಸೇವೆಯಲ್ಲಿದ್ದು, ಆ ದಿನಾಂಕದ ನಂತರ ನಿಯಮ 252(ಬಿ) ಅನ್ವಯ ರಾಜ್ಯದ ಮತ್ತೊಂದು ಹುದ್ದೆಗೆ ಸೇರಿದವರು ಹಳೆಯ ವ್ಯವಸ್ಥೆಯಲ್ಲಿಯೇ ಮುಂದುವರಿಯುತ್ತಾರೆ. ಸಾಮಾನ್ಯ ರಾಜೀನಾಮೆ ನೀಡಿ ಸೇರಿದವರು ಹೊಸದಾಗಿ ನೇಮಕಗೊಂಡವರೆನಿಸುತ್ತಾರೆ. ಇವರು ಹಿಂದಿನ ಸೇವೆಯ ಜೊತೆಗೆ ಹಳೆಯ ಪಿಂಚಣಿ ವ್ಯವಸ್ಥೆಯನ್ನೂ ಕಳೆದುಕೊಳ್ಳುತ್ತಾರೆ.
- 2006ರ ಏಪ್ರಿಲ್ 1ಕ್ಕೆ ಮುಂಚಿನ ಅಧಿಸೂಚನೆಯಂತೆ ಆಯ್ಕೆಯಾಗಿ, ಅನಂತರ ಸೇವೆಗೆ ಸೇರಿದ ಸುಮಾರು 13,000 ರಾಜ್ಯ ನೌಕರರಿಗೆ ಸರ್ಕಾರವು 2024ರ ಜನವರಿಯಲ್ಲಿ ಆದೇಶ ಹೊರಡಿಸಿ, ಹಳೆಯ ವ್ಯವಸ್ಥೆಗೆ ಬರಲು ಒಂದು ಬಾರಿಯ ಆಯ್ಕೆ ನೀಡಿತು. ಕೇಂದ್ರವು ಇದೇ ಬಗೆಯ ಆಯ್ಕೆಯನ್ನು 2003ರ ಡಿಸೆಂಬರ್ 22ಕ್ಕೆ ಮುಂಚೆ ಪ್ರಕಟಿಸಿದ ಹುದ್ದೆಗಳಿಗೆ ಆಯ್ಕೆಯಾದವರಿಗೆ 2023ರ ಮಾರ್ಚ್ 3ರ ಆದೇಶದಲ್ಲಿ ನೀಡಿತು.
- ರಾಜ್ಯದಿಂದ ಕೇಂದ್ರಕ್ಕೆ ಹೋಗುವವರು ಎರಡು ದಿನಾಂಕಗಳ ನಡುವಿನ 27 ತಿಂಗಳ ಅಂತರವನ್ನು ವಿಶೇಷವಾಗಿ ಗಮನಿಸಬೇಕು. 2005ರಲ್ಲಿ ರಾಜ್ಯ ಸೇವೆಗೆ ಸೇರಿದವರು ಇಲ್ಲಿ ಹಳೆಯ ವ್ಯವಸ್ಥೆಗೆ ಸೇರಿದ್ದರೂ ಕೇಂದ್ರದ ದಿನಾಂಕವನ್ನು ದಾಟಿ ಸೇರಿದವರಾಗಿರುತ್ತಾರೆ. ಇಂತಹವರು ಹೊಸ ಸಂಸ್ಥೆಯಿಂದ ತಮಗೆ ಯಾವ ಪಿಂಚಣಿ ವ್ಯವಸ್ಥೆ ಅನ್ವಯಿಸುತ್ತದೆ ಎಂಬುದನ್ನು ಲಿಖಿತವಾಗಿ ಪಡೆದ ನಂತರವೇ ಹಾಲಿ ಹುದ್ದೆ ಬಿಡುವುದು ಕ್ಷೇಮಕರ.

6. ಎನ್.ಪಿ.ಎಸ್. ಚಂದಾದಾರರು ಸೇವೆ ಬದಲಾಯಿಸುವಾಗ

ಈ ಯೋಜನೆಯಲ್ಲಿ ರಾಜ್ಯದ ನೌಕರನು ಮೂಲ ವೇತನ ಮತ್ತು ತುಟ್ಟಿಭತ್ಯೆಯ ಶೇ 10ರಷ್ಟನ್ನು ವಂತಿಗೆಯಾಗಿ ನೀಡುತ್ತಾನೆ. ಮೊದಲು ಶೇ 10ರಷ್ಟಿದ್ದ ಸರ್ಕಾರದ ವಂತಿಗೆಯನ್ನು ಅನಂತರ ಶೇ 14ಕ್ಕೆ ಏರಿಸಲಾಗಿದೆ. ಪ್ರತಿ ಚಂದಾದಾರರಿಗೂ ಒಂದು ಶಾಶ್ವತ ನಿವೃತ್ತಿ ಖಾತೆ ಸಂಖ್ಯೆ (ಪ್ರಾನ್) ಇರುತ್ತದೆ. ರಾಜ್ಯ, ಕೇಂದ್ರ, ಸ್ವಾಯತ್ತ ಸಂಸ್ಥೆ ಅಥವಾ ಬ್ಯಾಂಕ್ ಎಲ್ಲಿಗೆ ಹೋದರೂ ಇದೇ ಸಂಖ್ಯೆ ಮುಂದುವರಿಯುತ್ತದೆ.

- ಹೊಸ ಕಚೇರಿಯಲ್ಲಿ ಎರಡನೆಯ ಪ್ರಾನ್ ಪಡೆಯಬಾರದು. ಹಳೆಯ ಸಂಖ್ಯೆಯನ್ನು ತಿಳಿಸಿ, ವಲಯಾಂತರ ವರ್ಗಾವಣೆಯ ಐ.ಎಸ್.ಎಸ್.-1 ನಮೂನೆಯನ್ನು ಸಲ್ಲಿಸಬೇಕು.
- ಸೇವೆ ಬದಲಾವಣೆಯ ಕಾರಣಕ್ಕೆ ಖಾತೆಯನ್ನು ಮುಚ್ಚಬಾರದು. ನಿವೃತ್ತಿಗೆ ಮುನ್ನ ಯೋಜನೆಯಿಂದ ಹೊರಬರುವ ಸರ್ಕಾರಿ ಚಂದಾದಾರರು ಸಾಮಾನ್ಯವಾಗಿ ಸಂಚಿತ ಮೊತ್ತದ ಕನಿಷ್ಠ ಶೇ 80ರಷ್ಟನ್ನು ವರ್ಷಾಶನಕ್ಕೆ ತೊಡಗಿಸಬೇಕಾಗುತ್ತದೆ. ವಯೋನಿವೃತ್ತಿಯಲ್ಲಿ ಈ ಪ್ರಮಾಣ ಕನಿಷ್ಠ ಶೇ 40.
- ಹಳೆಯ ಕಚೇರಿಯಲ್ಲಿ ಕಡಿತವಾದ ಎಲ್ಲ ತಿಂಗಳುಗಳ ವಂತಿಗೆಯೂ, ಸರ್ಕಾರದ ಪಾಲೂ ಖಾತೆಗೆ ಜಮೆಯಾಗಿದೆಯೇ ಎಂದು ಕಾರ್ಯವಿಮುಕ್ತಿಗೆ ಮುನ್ನ ಪರಿಶೀಲಿಸಬೇಕು.

ಕೇಂದ್ರ ಸರ್ಕಾರಿ ನೌಕರರಿಗೆ 2025ರ ಏಪ್ರಿಲ್ 1ರಿಂದ ಏಕೀಕೃತ ಪಿಂಚಣಿ ಯೋಜನೆಯ ಆಯ್ಕೆ ಜಾರಿಗೆ ಬಂದಿದೆ. ಇದರಲ್ಲಿ 25 ವರ್ಷ ಸೇವೆ ಪೂರೈಸಿದವರಿಗೆ ಕೊನೆಯ 12 ತಿಂಗಳ ಸರಾಸರಿ ಮೂಲ ವೇತನದ ಶೇ 50ರಷ್ಟು ಖಚಿತ ಪಾವತಿಯಿದೆ. 10 ವರ್ಷ ಪೂರೈಸಿದವರಿಗೆ ತಿಂಗಳಿಗೆ ಕನಿಷ್ಠ 10,000 ರೂಪಾಯಿ ದೊರೆಯುತ್ತದೆ.

7. 1995ರ ನೌಕರರ ಪಿಂಚಣಿ ಯೋಜನೆ

ಈ ಯೋಜನೆ 1995ರ ನವೆಂಬರ್ 16ರಿಂದ ಜಾರಿಯಲ್ಲಿದೆ. ಪಿಂಚಣಿಗೆ 10 ವರ್ಷಗಳ ಸದಸ್ಯತ್ವ ಬೇಕು. ಪಿಂಚಣಿ ವೇತನವನ್ನು ಸೇವಾ ವರ್ಷಗಳಿಂದ ಗುಣಿಸಿ 70ರಿಂದ ಭಾಗಿಸಿದಾಗ ಮಾಸಿಕ ಪಿಂಚಣಿ ದೊರೆಯುತ್ತದೆ. 2014ರ ಸೆಪ್ಟೆಂಬರ್ 1ರಿಂದ ವೇತನ ಮಿತಿ 15,000 ರೂಪಾಯಿ. ಈ ಮಿತಿಯಲ್ಲಿ 14 ವರ್ಷ ಸೇವೆಗೆ ದೊರೆಯುವ ಪಿಂಚಣಿ ತಿಂಗಳಿಗೆ 3,000 ರೂಪಾಯಿ. ಸರ್ಕಾರಿ ಪಿಂಚಣಿಯೊಂದಿಗೆ ಹೋಲಿಸಿದಾಗ ಇದರ ಅಂತರ ಸ್ಪಷ್ಟವಾಗುತ್ತದೆ.

2014ರ ಸೆಪ್ಟೆಂಬರ್ 1ರ ನಂತರ ಮೊದಲ ಬಾರಿಗೆ ಭವಿಷ್ಯ ನಿಧಿಗೆ ಸೇರುವವರ ವೇತನ 15,000 ರೂಪಾಯಿಗಿಂತ ಹೆಚ್ಚಿದ್ದಲ್ಲಿ ಅವರಿಗೆ ಈ ಪಿಂಚಣಿ ಯೋಜನೆಯ ಸದಸ್ಯತ್ವವೇ ದೊರೆಯುವುದಿಲ್ಲ. ಸರ್ಕಾರಿ ಹುದ್ದೆ ಬಿಟ್ಟು ನಿಗಮಕ್ಕೆ ಸೇರುವವರು ಇದನ್ನು ಮೊದಲೇ ತಿಳಿದಿರಬೇಕು.

10 ವರ್ಷ ತುಂಬುವ ಮೊದಲು ನಿಗಮ ಬಿಟ್ಟು ಸರ್ಕಾರಿ ಸೇವೆಗೆ ಬರುವವರು ಹಣ ಹಿಂಪಡೆಯುವ ಬದಲು ಯೋಜನಾ ಪ್ರಮಾಣಪತ್ರ ಪಡೆದಿಟ್ಟುಕೊಳ್ಳಬಹುದು. ಮುಂದೆ ಈ ಯೋಜನೆ ಅನ್ವಯವಾಗುವ ಸಂಸ್ಥೆಗೆ ಮರಳಿದಲ್ಲಿ ಹಳೆಯ ಅವಧಿ ಸೇರುತ್ತದೆ.

8. ಕುಟುಂಬ ಪಿಂಚಣಿ

ಸೇವೆ ಬದಲಾಯಿಸಿದ ಕೆಲವೇ ವರ್ಷಗಳಲ್ಲಿ ನೌಕರರು ನಿಧನರಾದಲ್ಲಿ ಹಿಂದಿನ ಸೇವೆಯ ಮಹತ್ವ ಇನ್ನೂ ಹೆಚ್ಚುತ್ತದೆ. ರಾಜ್ಯದ ನಿಯಮಗಳಂತೆ ಹೆಚ್ಚಿನ ದರದ ಕುಟುಂಬ ಪಿಂಚಣಿಗೆ 7 ವರ್ಷಗಳಿಗೆ ಕಡಿಮೆಯಿಲ್ಲದ ನಿರಂತರ ಸೇವೆ ಬೇಕು. 15 ವರ್ಷ ಒಂದು ಇಲಾಖೆಯಲ್ಲಿದ್ದು, ಹೊಸ ಇಲಾಖೆಗೆ ಬಂದ 2ನೇ ವರ್ಷದಲ್ಲಿ ನಿಧನರಾದ ನೌಕರರ ಹಿಂದಿನ ಸೇವೆ ಸೇರ್ಪಡೆಯ ಆದೇಶವಾಗಿರದಿದ್ದಲ್ಲಿ, ಆ ದಾಖಲೆಗಳನ್ನು ಹುಡುಕಿ ತರುವ ಹೊಣೆ ಅವರ ಪತ್ನಿ, ಪತಿ ಅಥವಾ ಮಕ್ಕಳ ಮೇಲೆ ಬೀಳುತ್ತದೆ. ಎನ್.ಪಿ.ಎಸ್.ಗೆ ಸೇರಿದ ರಾಜ್ಯ ನೌಕರರು ಸೇವೆಯಲ್ಲಿರುವಾಗ ನಿಧನರಾದಲ್ಲಿ ಅವರ ಕುಟುಂಬಕ್ಕೆ ಕುಟುಂಬ ಪಿಂಚಣಿಯ ಸೌಲಭ್ಯವನ್ನು 2018ರಲ್ಲಿ ವಿಸ್ತರಿಸಲಾಗಿದೆ. ಹೊಸ ಹುದ್ದೆಗೆ ಸೇರಿದ ಕೂಡಲೇ ನಾಮನಿರ್ದೇಶನ ಪತ್ರಗಳನ್ನು ಹೊಸದಾಗಿ ಸಲ್ಲಿಸುವುದು ಅವಶ್ಯ.

9. ನೌಕರರು ಅನುಸರಿಸಬೇಕಾದ ಕ್ರಮ

ಹುದ್ದೆ ಬಿಡುವ ಮೊದಲು:
- ಅರ್ಜಿ ಸಲ್ಲಿಸಲು ಪಡೆದ ಅನುಮತಿ ಅಥವಾ ನಿರಾಕ್ಷೇಪಣಾ ಪತ್ರದ ಪ್ರತಿ ಇರಿಸಿಕೊಳ್ಳುವುದು.
- ಸೇವಾ ವಹಿಯಲ್ಲಿ ವಾರ್ಷಿಕ ಸೇವಾ ಪರಿಶೀಲನೆ, ರಜೆ, ವೇತನ ಬಡ್ತಿ ಮತ್ತು ಅಮಾನತು ಅವಧಿ ಇದ್ದಲ್ಲಿ ಅದರ ಆದೇಶ ನಮೂದಾಗಿರುವುದನ್ನು ನೋಡುವುದು.
- ಸೇವಾ ವಹಿಯ ಎಲ್ಲ ಪುಟಗಳ ದೃಢೀಕೃತ ಪ್ರತಿ ಪಡೆಯುವುದು. ಮಲೆನಾಡಿನ ದೀರ್ಘ ಮಳೆಗಾಲದ ತೇವದಲ್ಲಿ ಹಳೆಯ ಕಾಗದಗಳು ಬೇಗ ಹಾಳಾಗುವುದರಿಂದ ಇದಕ್ಕೆ ವಿಶೇಷ ಮಹತ್ವವಿದೆ.

ಬಿಡುವ ದಿನ:
- ರಾಜೀನಾಮೆ ಅಂಗೀಕಾರ ಆದೇಶ, ಕಾರ್ಯವಿಮುಕ್ತಿ ಆದೇಶ ಮತ್ತು ಅಂತಿಮ ವೇತನ ಪ್ರಮಾಣಪತ್ರ ಪಡೆಯುವುದು. ಕಾರ್ಯವಿಮುಕ್ತಿಯು ಪೂರ್ವಾಹ್ನವೋ ಅಪರಾಹ್ನವೋ ಎಂಬುದನ್ನೂ ನೋಡುವುದು.

ಸೇರಿದ ನಂತರ:
- ಹಿಂದಿನ ಸೇವೆ ಸೇರಿಸಲು ಕೋರಿ ಕೂಡಲೇ ಅರ್ಜಿ ಸಲ್ಲಿಸುವುದು ಮತ್ತು ಸ್ವೀಕೃತಿ ಪಡೆಯುವುದು.
- ಹಳೆಯ ಸೇವಾ ವಹಿ ಹೊಸ ಕಚೇರಿಗೆ ತಲುಪಿದೆಯೇ ಎಂದು ವಿಚಾರಿಸುವುದು.
- ಸೇವೆ ಸೇರ್ಪಡೆಯ ಆದೇಶವನ್ನು ಸೇವಾ ವಹಿಯಲ್ಲಿ ದಾಖಲಿಸಿಕೊಳ್ಳುವುದು. ಅರ್ಜಿ ಕೊಟ್ಟಿರುವುದೇ ಆದೇಶವಲ್ಲ.

10. ಸಂಪರ್ಕಿಸಬೇಕಾದ ಕಚೇರಿಗಳು

ರಾಜ್ಯ ನೌಕರರು ಮೊದಲು ತಮ್ಮ ವೇತನ ಬಟವಾಡೆ ಅಧಿಕಾರಿಯನ್ನು, ಅನಂತರ ಇಲಾಖೆಯ ಜಿಲ್ಲಾ ಕಚೇರಿಯನ್ನು ಸಂಪರ್ಕಿಸಬೇಕು. ಪಿಂಚಣಿ ಪ್ರಸ್ತಾವನೆಗಳು ಇಲಾಖೆಯ ಮೂಲಕ ಬೆಂಗಳೂರಿನ ಮಹಾಲೇಖಪಾಲರ ಕಚೇರಿಗೆ ಸಲ್ಲಿಕೆಯಾಗುತ್ತವೆ. ಅಲ್ಲಿಂದ ಪಿಂಚಣಿ ಪಾವತಿ ಆದೇಶ ಹೊರಡುತ್ತದೆ. ಪಾವತಿಗೆ ಸಂಬಂಧಿಸಿದ ವಿಷಯಗಳಿಗೆ ತಾಲ್ಲೂಕಿನ ಉಪಖಜಾನೆ ಹಾಗೂ ಚಿಕ್ಕಮಗಳೂರಿನ ಜಿಲ್ಲಾ ಖಜಾನೆಯನ್ನು ವಿಚಾರಿಸಬಹುದು. ಉಪಖಜಾನೆಯು ಪಾವತಿ ಕಚೇರಿಯಾಗಿದ್ದು, ಹಿಂದಿನ ಸೇವೆ ಸೇರಿಸುವ ಅಧಿಕಾರ ಅದಕ್ಕಿಲ್ಲ. ಕೇಂದ್ರ ಪಿಂಚಣಿದಾರರ ದೂರುಗಳಿಗೆ ಸಿಪೆನ್‌ಗ್ರಾಮ್ಸ್ ಎಂಬ ಅಂತರಜಾಲ ವ್ಯವಸ್ಥೆ ಇದೆ.

11. ಹಕ್ಕು ನಿರಾಕರಣೆಯಾದಲ್ಲಿ ಪರಿಹಾರ

- ಲಿಖಿತ ಮನವಿ ಸಲ್ಲಿಸಿ, ಕಾರಣಸಹಿತ ಉತ್ತರ ಕೋರುವುದು.
- 2005ರ ಮಾಹಿತಿ ಹಕ್ಕು ಅಧಿನಿಯಮದಡಿ ಹಳೆಯ ಕಚೇರಿಯಿಂದ ಅನುಮತಿ ಪತ್ರ, ಆದೇಶ ಮತ್ತು ಟಿಪ್ಪಣಿಗಳ ಪ್ರತಿ ಪಡೆಯುವುದು. ಉತ್ತರಕ್ಕೆ 30 ದಿನಗಳ ಕಾಲಮಿತಿಯಿದೆ.
- ರಾಜ್ಯ ನೌಕರರು ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ, ಕೇಂದ್ರ ನೌಕರರು ಕೇಂದ್ರ ಆಡಳಿತ ನ್ಯಾಯಮಂಡಳಿಯ ಬೆಂಗಳೂರು ಪೀಠಕ್ಕೆ ಅರ್ಜಿ ಸಲ್ಲಿಸಬಹುದು. 1985ರ ಆಡಳಿತ ನ್ಯಾಯಮಂಡಳಿಗಳ ಅಧಿನಿಯಮದಂತೆ ಅಂತಿಮ ಆದೇಶದಿಂದ ಸಾಮಾನ್ಯವಾಗಿ ಒಂದು ವರ್ಷದ ಕಾಲಮಿತಿಯಿದೆ. ಮನವಿಗೆ 6 ತಿಂಗಳಾದರೂ ಉತ್ತರ ಬರದಿದ್ದಲ್ಲಿ, ಆ 6 ತಿಂಗಳು ಮುಗಿದ ದಿನದಿಂದ ಒಂದು ವರ್ಷವನ್ನು ಲೆಕ್ಕ ಹಿಡಿಯಲಾಗುತ್ತದೆ.
- ಪಿಂಚಣಿಯನ್ನು ಕಡಿಮೆ ನಿಗದಿಪಡಿಸುವುದು ಪ್ರತಿ ತಿಂಗಳೂ ಮುಂದುವರಿಯುವ ಅನ್ಯಾಯ ಎನಿಸಿದರೂ, ತಡವಾಗಿ ನ್ಯಾಯಾಲಯಕ್ಕೆ ಹೋದಲ್ಲಿ ಬಾಕಿಯನ್ನು ಸಾಮಾನ್ಯವಾಗಿ ಹಿಂದಿನ 3 ವರ್ಷಗಳಿಗೆ ಮಿತಿಗೊಳಿಸಲಾಗುತ್ತದೆ ಎಂದು ಭಾರತ ಒಕ್ಕೂಟ ವಿರುದ್ಧ ತರ್ಸೇಮ್ ಸಿಂಗ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು 2008ರಲ್ಲಿ ತಿಳಿಸಿದೆ.

12. ಸಾಮಾನ್ಯವಾಗಿ ಕೇಳಲಾಗುವ ಪ್ರಶ್ನೆಗಳು

ಪ್ರಶ್ನೆ: ಅನುಮತಿಯಿಲ್ಲದೆ ಅರ್ಜಿ ಹಾಕಿ ಆಯ್ಕೆಯಾಗಿದ್ದಲ್ಲಿ ಏನು ಮಾಡಬೇಕು?
ಉತ್ತರ: ರಾಜೀನಾಮೆ ನೀಡುವ ಮೊದಲು ನೇಮಕಾತಿ ಪ್ರಾಧಿಕಾರಕ್ಕೆ ವಿಷಯ ತಿಳಿಸಿ, ಘಟನೋತ್ತರ ಅನುಮತಿ ಕೋರಬೇಕು. ಅನುಮತಿ ನೀಡುವುದು ಪ್ರಾಧಿಕಾರದ ವಿವೇಚನೆಗೆ ಒಳಪಟ್ಟಿದೆ. ನಿರ್ಧಾರ ತಿಳಿಯುವವರೆಗೆ ಹೊಸ ಸಂಸ್ಥೆಯಿಂದ ಸೇರಲು ಕಾಲಾವಕಾಶ ಕೇಳಬಹುದು.

ಪ್ರಶ್ನೆ: ಹೊಸ ಹುದ್ದೆಯ ವೇತನ ಹೆಚ್ಚಾಗಿದೆ. ಹಿಂದಿನ ಸೇವೆ ಬಿಟ್ಟರೆ ನಷ್ಟವೇ?
ಉತ್ತರ: ವೇತನದ ವ್ಯತ್ಯಾಸವು ಸೇವೆಯಲ್ಲಿರುವವರೆಗೆ ಮಾತ್ರ. ಪಿಂಚಣಿಯ ವ್ಯತ್ಯಾಸವು ಜೀವಿತಾವಧಿಯವರೆಗೆ ಇರುತ್ತದೆ. ಎರಡನ್ನೂ ಲೆಕ್ಕ ಹಾಕಿ ತೀರ್ಮಾನಿಸುವುದು ಸೂಕ್ತ.

ಪ್ರಶ್ನೆ: ಹಲವು ವರ್ಷಗಳ ಹಿಂದೆಯೇ ಸೇವೆ ಬದಲಾಯಿಸಿದ್ದು, ಸೇರ್ಪಡೆ ಆದೇಶ ಆಗಿಲ್ಲ. ಈಗ ಅರ್ಜಿ ಸಲ್ಲಿಸಬಹುದೇ?
ಉತ್ತರ: ಸಲ್ಲಿಸಬಹುದು. ಅಂದಿನ ಅನುಮತಿ ಮತ್ತು ಕಾರ್ಯವಿಮುಕ್ತಿ ಆದೇಶಗಳು ದೊರೆತಲ್ಲಿ ಪ್ರಕರಣ ಬಲವಾಗುತ್ತದೆ. ನಿವೃತ್ತಿಯವರೆಗೆ ಕಾಯದೆ, ಹಳೆಯ ಕಚೇರಿಯ ಕಡತಗಳು ಲಭ್ಯವಿರುವಾಗಲೇ ಅರ್ಜಿ ಸಲ್ಲಿಸತಕ್ಕದ್ದು.

ಸೂಚನೆ: ಈ ಪುಟದಲ್ಲಿನ ವಿವರಗಳು ಸಾರ್ವಜನಿಕರ ತಿಳಿವಳಿಕೆಗಾಗಿ ಮಾತ್ರ. ಇವು ನಿಯಮಗಳಿಗೆ ಅಥವಾ ಸರ್ಕಾರಿ ಆದೇಶಗಳಿಗೆ ಪರ್ಯಾಯವಲ್ಲ. ನಿರ್ದಿಷ್ಟ ಪ್ರಕರಣಗಳಲ್ಲಿ ಜಾರಿಯಲ್ಲಿರುವ ನಿಯಮಗಳು ಹಾಗೂ ಸಕ್ಷಮ ಪ್ರಾಧಿಕಾರದ ಆದೇಶವೇ ಅಂತಿಮವಾಗಿರುತ್ತದೆ.